ಗಿರೀಶ ಕಾರ್ನಾಡರೂ ನಮ್ಮ ಗಡಿಯ ಮಕ್ಕಳೂ

ನಮ್ಮ ಶಾಲೆಯ ಅಧ್ಯಾಪಕರ ಕೊಠಡಿಯ ಗೋಡೆಗೆ ಒಂದು ಹಳೆಯ ಪಟ ತೂಗುಹಾಕಿದೆ. ಕನ್ನಡಕ್ಕೆ ಜ್ಞಾನಪೀಠ ಪ್ರಶಸ್ತಿ ತಂದುಕೊಟ್ಟ ಎಂಟು ಮಂದಿ ಮಹನೀಯರ ಭಾವಚಿತ್ರಗಳು ಅದರಲ್ಲಿವೆ. ಹೋದ ವರ್ಷ ಒಂದು ದಿನ ಒಂಬತ್ತನೆಯ ತರಗತಿಯ ಹುಡುಗನೊಬ್ಬ ಹಾಜರಿ ಪುಸ್ತಕ ಒಯ್ಯಲು ಬಂದವನು ಆ ಪಟದ ಮುಂದೆ ನಿಂತುಬಿಟ್ಟ. ಏಳನೆಯ ಚಿತ್ರದ ಮೇಲೆ ಬೆರಳಿಟ್ಟು, "ಸಾರ್, ಇವರು 'ಶಂಕರ್ ದಾದಾ ಎಂ.ಬಿ.ಬಿ.ಎಸ್.' ಸಿನಿಮಾದಾಗ ಚಿರಂಜೀವಿ ಅಪ್ಪ ಆಗ್ಯಾರಲ್ರೀ? ತೆಲುಗಿನವರನ್ನ ಇಲ್ಲಿ ಯಾಕ ಹಾಕ್ಯಾರ್ರೀ?" ಎಂದು ಕೇಳಿದ.

ಕೊಠಡಿಯಲ್ಲಿದ್ದ ಅಧ್ಯಾಪಕರೆಲ್ಲ ನಕ್ಕರು. ನಾವೂ ನಕ್ಕೆವು. "ಲೋ, ಅವರು ಗಿರೀಶ ಕಾರ್ನಾಡರು, ಕನ್ನಡದ ದೊಡ್ಡ ನಾಟಕಕಾರರು, ಹೋಗು" ಎಂದು ಹೇಳಿ ಕಳುಹಿಸಿದೆವು. ಹುಡುಗ ಹೋದ. ಆದರೆ ಅವನ ಪ್ರಶ್ನೆ ಹೋಗಲಿಲ್ಲ. ತೆಲುಗು ಸಿನಿಮಾದ ಅಪ್ಪನೂ ಕನ್ನಡದ ಜ್ಞಾನಪೀಠಿಯೂ ಒಬ್ಬನೇ ಮನುಷ್ಯ ಆಗುವುದು ಹೇಗೆ? ಅಂದು ವಿವರವಾಗಿ ಕೊಡಬೇಕಾಗಿದ್ದ ಉತ್ತರವನ್ನು ಇಂದು ಈ ವಾರ್ಷಿಕ ಸಂಚಿಕೆಯಲ್ಲಿ ಬರೆಯುತ್ತಿದ್ದೇವೆ. ಆ ಹುಡುಗನ ವಿಷಯದಲ್ಲಿ ನಾವು ಮಾಡಿದ ಒಂದು ತಪ್ಪನ್ನೂ ಇದರಲ್ಲಿಯೇ ಒಪ್ಪಿಕೊಳ್ಳಬೇಕಾಗಿದೆ.

ಕಾರ್ನಾಡರು ಹುಟ್ಟಿದ್ದು 1938ರ ಮೇ 19ರಂದು, ಮಹಾರಾಷ್ಟ್ರದ ಮಾಥೇರಾನಿನಲ್ಲಿ. ಮನೆಯ ಮಾತು ಕೊಂಕಣಿ. ತಂದೆ ಸರಕಾರಿ ವೈದ್ಯರು. ಬಾಲ್ಯ ಕಳೆದದ್ದು ಉತ್ತರ ಕನ್ನಡದ ಶಿರಸಿಯಲ್ಲಿ. ಆಗ ಅಲ್ಲಿ ವಿದ್ಯುತ್ ದೀಪವಿರಲಿಲ್ಲ. ಪಂಜಿನ ಬೆಳಕಿನಲ್ಲಿ ಯಕ್ಷಗಾನ, ಪೆಟ್ರೋಮ್ಯಾಕ್ಸ್ ಬೆಳಕಿನಲ್ಲಿ ಕಂಪನಿ ನಾಟಕ. ಕಣ್ಣು ಪಿಳುಕಿಸದೆ ಅವನ್ನು ನೋಡಿದ ಹುಡುಗ ಮುಂದೆ ಧಾರವಾಡಕ್ಕೆ ಬಂದು ಓದಿದ. ಕರ್ನಾಟಕ ಕಾಲೇಜಿನಲ್ಲಿ ಗಣಿತ ಮತ್ತು ಸಂಖ್ಯಾಶಾಸ್ತ್ರವನ್ನು ಆರಿಸಿಕೊಂಡು 1958ರಲ್ಲಿ ಪದವಿ ಪಡೆದ. "ಗಣಿತ ಬಂದವನಿಗೆ ಸಾಹಿತ್ಯ ಬಾರದು" ಎಂದು ನಮ್ಮ ಮಕ್ಕಳು ಆಗಾಗ ಹೇಳುವುದುಂಟು. ಅಂಥವರು ಈ ಮಾತನ್ನು ಗಮನಿಸಬೇಕು.

ಹದಿಹರೆಯದಲ್ಲಿ ಅವರಿಗೆ ಒಂದು ಹವ್ಯಾಸವಿತ್ತು. ಪ್ರಸಿದ್ಧರ ಚಿತ್ರ ಬರೆದು ಅವರಿಗೇ ಅಂಚೆಯಲ್ಲಿ ಕಳುಹಿಸಿ ಹಸ್ತಾಕ್ಷರ ಬೇಡುವುದು. ಐರ್ಲೆಂಡಿನ ನಾಟಕಕಾರ ಶಾನ್ ಒ'ಕೇಸಿಗೂ ಹಾಗೆಯೇ ಕಳುಹಿಸಿದರು. ಅವರಿಂದ ಉತ್ತರ ಬಂತು. ಇನ್ನೊಬ್ಬರ ಹಸ್ತಾಕ್ಷರ ಕೂಡಿಸುತ್ತ ಕಾಲ ಕಳೆಯಬೇಡ, ಮುಂದೊಂದು ದಿನ ಜನ ನಿನ್ನ ಹಸ್ತಾಕ್ಷರ ಕೇಳುವಂಥ ಕೆಲಸ ಮಾಡು ಎಂಬುದು ಅದರ ತಾತ್ಪರ್ಯ. ದೊಡ್ಡವರೊಬ್ಬರು ಎಲ್ಲಿಯೋ ಕುಳಿತು ಬರೆದ ನಾಲ್ಕು ಸಾಲು ಹುಡುಗನ ಮನಸ್ಸಿನಲ್ಲಿ ಹೇಗೆ ನಾಟಿತು ನೋಡಿ. ಇದನ್ನು ಓದಿದಾಗಲೆಲ್ಲ ಅಧ್ಯಾಪಕರಾದ ನಮಗೆ ಸ್ವಲ್ಪ ಹೆದರಿಕೆಯೂ ಆಗುತ್ತದೆ. ನಾಲ್ಕು ಒಳ್ಳೆಯ ಸಾಲಿಗೆ ಅಷ್ಟು ಶಕ್ತಿ ಇದ್ದರೆ ನಾಲ್ಕು ಒರಟು ಸಾಲಿಗೂ ಅಷ್ಟೇ ಶಕ್ತಿ ಇರಬೇಕಲ್ಲವೇ?

ತರುಣ ಕಾರ್ನಾಡರ ಹಂಬಲ ಇಂಗ್ಲಿಷಿನಲ್ಲಿ ಕವಿಯಾಗಬೇಕೆಂಬುದು. ಇಂಗ್ಲೆಂಡಿನ ಆಕ್ಸ್‌ಫರ್ಡಿನಲ್ಲಿ ಓದಲು ರೋಡ್ಸ್ ವಿದ್ಯಾರ್ಥಿವೇತನವೂ ಸಿಕ್ಕಿತು. 1960ರಲ್ಲಿ ಹೊರಡುವ ಮುಂಚೆ ಮನೆಯಲ್ಲಿ ಕಳವಳ. ಹೋದ ಮಗ ತಿರುಗಿ ಬರುವನೇ, ಅಲ್ಲಿಯೇ ಉಳಿದುಬಿಡುವನೇ ಎಂದು ತಂದೆತಾಯಿಗಳ ಚಿಂತೆ. ಆ ದಿನಗಳಲ್ಲಿ ರಾಜಾಜಿಯವರ ಮಹಾಭಾರತ ಓದುತ್ತಿದ್ದವರಿಗೆ ಯಯಾತಿಯ ಕಥೆ ಹಿಡಿದುಕೊಂಡಿತು. ಶಾಪದಿಂದ ಮುದುಕನಾದ ರಾಜ ಮಗನ ಯೌವನವನ್ನೇ ಬೇಡುತ್ತಾನೆ. ಮಗ ಪೂರು ಕೊಟ್ಟುಬಿಡುತ್ತಾನೆ. ಮನೆಯೊಳಗಿನ ಎಳೆದಾಟಕ್ಕೂ ಈ ಕಥೆಗೂ ಹೊಂದಿಕೆಯಾಗಿ ಪಾತ್ರಗಳು ಮನಸ್ಸಿನಲ್ಲಿ ಮಾತಾಡತೊಡಗಿದವು. ಆಶ್ಚರ್ಯವೆಂದರೆ ಅವು ಇಂಗ್ಲಿಷಿನಲ್ಲಿ ಮಾತಾಡಲಿಲ್ಲ, ಮನೆಮಾತಾದ ಕೊಂಕಣಿಯಲ್ಲೂ ಮಾತಾಡಲಿಲ್ಲ. ಕನ್ನಡದಲ್ಲಿ ಮಾತಾಡಿದವು! ಯಾರೋ ಹೇಳಿದ್ದನ್ನು ಬರೆದುಕೊಂಡಂತೆ ಬರೆದರಂತೆ. ಧಾರವಾಡದ ಮನೋಹರ ಗ್ರಂಥಮಾಲೆ 1961ರಲ್ಲಿ 'ಯಯಾತಿ'ಯನ್ನು ಪ್ರಕಟಿಸಿತು. ಇಂಗ್ಲಿಷ್ ಕವಿಯಾಗಬೇಕೆಂದಿದ್ದವರು ಕನ್ನಡ ನಾಟಕಕಾರರಾದರು.

ಇಲ್ಲಿ ಒಂದು ಮಾತು. ನಮ್ಮ ಪಟದಲ್ಲಿರುವ ಎಂಟು ಮಂದಿಯಲ್ಲಿ ಮಾಸ್ತಿಯವರ ಮನೆಮಾತು ತಮಿಳು, ಬೇಂದ್ರೆಯವರದು ಮರಾಠಿ, ಕಾರ್ನಾಡರದು ಕೊಂಕಣಿ. ಎಂಟರಲ್ಲಿ ಮೂವರಿಗೆ ಕನ್ನಡ ತೊಟ್ಟಿಲಿನ ಭಾಷೆಯಲ್ಲ. ಬೀದಿಯಿಂದ, ಶಾಲೆಯಿಂದ, ಗೆಳೆಯರಿಂದ, ಓದಿನಿಂದ ಬಂದ ಭಾಷೆ. ಹಾಗಿದ್ದರೂ ಅವರ ಬರವಣಿಗೆ ಆ ಭಾಷೆಯಲ್ಲಿಯೇ ಬೇರೂರಿತು.

ಆಕ್ಸ್‌ಫರ್ಡಿನಲ್ಲಿ ತತ್ತ್ವಶಾಸ್ತ್ರ, ರಾಜ್ಯಶಾಸ್ತ್ರ, ಅರ್ಥಶಾಸ್ತ್ರಗಳನ್ನು ಓದಿ, ಅಲ್ಲಿನ ಪ್ರಸಿದ್ಧ ಚರ್ಚಾಸಂಘವಾದ ಆಕ್ಸ್‌ಫರ್ಡ್ ಯೂನಿಯನ್ನಿನ ಅಧ್ಯಕ್ಷರೂ ಆಗಿ, 1963ರಲ್ಲಿ ಕಾರ್ನಾಡರು ಹಿಂದಿರುಗಿದರು. ಮದರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನ ನೌಕರಿ. ಕಚೇರಿಯ ಕೆಲಸ ಇಂಗ್ಲಿಷಿನಲ್ಲಿ, ಸುತ್ತಲಿನ ಮಾತು ತಮಿಳಿನಲ್ಲಿ, ಬರೆದದ್ದು ಕನ್ನಡದಲ್ಲಿ. 1964ರಲ್ಲಿ 'ತುಘಲಕ್' ಬಂತು. ರಾಜಧಾನಿಯನ್ನು ದೆಹಲಿಯಿಂದ ದೌಲತಾಬಾದಿಗೆ ಸಾಗಿಸಿದ, ಬೆಳ್ಳಿಯ ಬದಲು ತಾಮ್ರದ ನಾಣ್ಯ ಚಲಾವಣೆಗೆ ತಂದ ಸುಲ್ತಾನನ ಕಥೆ ಅದು. ನಮ್ಮ ಮಕ್ಕಳಿಗೆ ಈತ ಅಪರಿಚಿತನಲ್ಲ. ಓರುಗಲ್ಲಿನ ಕಾಕತೀಯ ಪ್ರತಾಪರುದ್ರನನ್ನು 1323ರಲ್ಲಿ ಸೋಲಿಸಿದ ಉಲುಗ್ ಖಾನ್ ಎಂದು ಸಮಾಜ ವಿಜ್ಞಾನದ ಪಾಠದಲ್ಲಿ ಕೇಳಿದ್ದೀರಲ್ಲ, ಅವನೇ ಮುಂದೆ ಮಹಮ್ಮದ್ ಬಿನ್ ತುಘಲಕನಾದವನು. ದೊಡ್ಡ ಆದರ್ಶವಿಟ್ಟುಕೊಂಡ ಬುದ್ಧಿವಂತ ದೊರೆ ತನ್ನ ಆದರ್ಶವನ್ನೇ ಹೇಗೆ ಹಾಳುಗೆಡವುತ್ತಾನೆ ಎಂಬುದನ್ನು ಕಾರ್ನಾಡರು ತೋರಿಸಿದರು. ಸ್ವಾತಂತ್ರ್ಯ ಬಂದು ಒಂದೂವರೆ ದಶಕ ಕಳೆದಿದ್ದ ದೇಶಕ್ಕೆ ಅದು ತನ್ನದೇ ಕಥೆಯಾಗಿ ಕಂಡಿತು. ಬಿ. ವಿ. ಕಾರಂತರು ಅದನ್ನು ಹಿಂದುಸ್ತಾನಿಗೆ ತಂದರು. ಇಬ್ರಾಹಿಂ ಅಲ್ಕಾಜಿಯವರು ದೆಹಲಿಯ ಹಳೆಯ ಕೋಟೆಯ ಗೋಡೆಗಳನ್ನೇ ರಂಗಸಜ್ಜಿಕೆಯಾಗಿಸಿ ಆಡಿಸಿದರು.

'ಹಯವದನ' ಬಂದದ್ದು 1971ರಲ್ಲಿ. ಇಬ್ಬರು ಗೆಳೆಯರ ತಲೆಗಳು ಅದಲುಬದಲಾಗುವ ಆ ಕಥೆ ಸಂಸ್ಕೃತದ ಕಥಾಸರಿತ್ಸಾಗರದ್ದು. ಅದನ್ನು ಜರ್ಮನಿಯ ಥಾಮಸ್ ಮಾನ್ ಎಂಬ ಕಾದಂಬರಿಕಾರ ತನ್ನ ಭಾಷೆಯಲ್ಲಿ ಬೆಳೆಸಿದ್ದ. ಕಾರ್ನಾಡರು ಅದನ್ನು ಅಲ್ಲಿಂದ ಎತ್ತಿಕೊಂಡು ಯಕ್ಷಗಾನದ ಭಾಗವತನ ಬಾಯಿಗೆ ಕೊಟ್ಟರು. ಕಥೆಗೆ ಗಡಿ ಇಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೇ? 1988ರ 'ನಾಗಮಂಡಲ'ಕ್ಕೆ ಎ. ಕೆ. ರಾಮಾನುಜನ್ನರಿಂದ ಕೇಳಿದ ಜನಪದ ಕಥೆ ಮೂಲ. ನಮ್ಮ ಅಜ್ಜಿಯರು ದೀಪ ಆರಿಸಿದ ಮೇಲೆ ಹೇಳುವಂಥದೇ ಕಥೆ.

ಇನ್ನು ಸಿನಿಮಾದ ಮಾತು. ಯು. ಆರ್. ಅನಂತಮೂರ್ತಿಯವರ 'ಸಂಸ್ಕಾರ' ಕಾದಂಬರಿ 1970ರಲ್ಲಿ ಚಲನಚಿತ್ರವಾಯಿತು. ಚಿತ್ರಕಥೆ ಬರೆದದ್ದು, ಪ್ರಾಣೇಶಾಚಾರ್ಯರ ಪಾತ್ರ ವಹಿಸಿದ್ದು ಕಾರ್ನಾಡರು. ನಿರ್ದೇಶಿಸಿದವರು ಯಾರೆಂದು ತಿಳಿದರೆ ನಿಮಗೆ ಸಂತೋಷವಾಗುತ್ತದೆ. ನೆಲ್ಲೂರಿನ ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿಯವರು! ಮೊದಲು ಸೆನ್ಸಾರ್ ಮಂಡಳಿಯವರು ತಡೆದರು. ಅನಂತರ ಬಿಡುಗಡೆಯಾಗಿ, ವರ್ಷದ ಶ್ರೇಷ್ಠ ಚಿತ್ರವೆಂದು ರಾಷ್ಟ್ರಪತಿಗಳ ಚಿನ್ನದ ಪದಕ ಪಡೆಯಿತು. ಆ ಗೌರವ ಕನ್ನಡಕ್ಕೆ ಬಂದದ್ದು ಅದೇ ಮೊದಲು. ಒಬ್ಬ ತೆಲುಗಿನವರು, ಒಬ್ಬ ಕೊಂಕಣಿಯವರು ಕೂಡಿ ಕನ್ನಡಕ್ಕೆ ತಂದ ಗೌರವ ಅದು.

ಮುಂದೆ ಕಾರ್ನಾಡರೇ ನಿರ್ದೇಶನಕ್ಕೆ ಇಳಿದರು. ಬಿ. ವಿ. ಕಾರಂತರೊಡನೆ ಭೈರಪ್ಪನವರ 'ವಂಶವೃಕ್ಷ'ವನ್ನು ತೆರೆಗೆ ತಂದರು. 1971ರ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಇಬ್ಬರಿಗೂ ಬಂತು. ಮುಂದೆ ಹೆಸರಾಂತ ನಾಯಕನಟರಾದ ವಿಷ್ಣುವರ್ಧನರು ಮೊದಲು ಗುರುತಿಸಿಕೊಂಡದ್ದು ಈ ಚಿತ್ರದಲ್ಲಿ. 1973ರಲ್ಲಿ ಶ್ರೀಕೃಷ್ಣ ಆಲನಹಳ್ಳಿಯವರ 'ಕಾಡು' ಚಿತ್ರವಾಯಿತು. ಎರಡು ಊರುಗಳ ದೊಡ್ಡವರ ಜಗಳವನ್ನು ಕಿಟ್ಟಿ ಎಂಬ ಚಿಕ್ಕ ಹುಡುಗನ ಕಣ್ಣಿನಿಂದ ತೋರಿಸಿದ ಚಿತ್ರ ಅದು. ದೊಡ್ಡವರು ಹೊಡೆದಾಡುವಾಗ ಮೂಲೆಯಲ್ಲಿ ನಿಂತ ಮಗು ಎಲ್ಲವನ್ನೂ ನೋಡುತ್ತಿರುತ್ತದೆ ಎಂಬುದನ್ನು ಪಾಲಕರೂ ನೆನೆಯಬೇಕು. 1978ರ 'ಒಂದಾನೊಂದು ಕಾಲದಲ್ಲಿ' ಚಿತ್ರದಿಂದ ಶಂಕರನಾಗ್ ಎಂಬ ನಟರು ಬೆಳಕಿಗೆ ಬಂದರು. ಹಿಂದಿಯಲ್ಲಿ ಶೂದ್ರಕನ ಮೃಚ್ಛಕಟಿಕವನ್ನು ಆಧರಿಸಿದ 'ಉತ್ಸವ್' 1984ರಲ್ಲಿ ಬಂತು. ಕುವೆಂಪು ಅವರ 'ಕಾನೂರು ಹೆಗ್ಗಡಿತಿ' 1999ರಲ್ಲಿ ತೆರೆ ಕಂಡಿತು. ಬೇಂದ್ರೆಯವರ ಬಗೆಗೆ, ಕನಕದಾಸ ಪುರಂದರದಾಸರ ಬಗೆಗೆ ಸಾಕ್ಷ್ಯಚಿತ್ರಗಳನ್ನೂ ತೆಗೆದರು.

ನಟರಾಗಿ ಅವರು ಹೋಗದ ಭಾಷೆಗಳೇ ಕಡಿಮೆ. ನಮಗೆ ಬಹಳ ಹತ್ತಿರದ್ದು 1975ರ 'ನಿಶಾಂತ್'. ಶ್ಯಾಮ್ ಬೆನಗಲ್ಲರು ನಿರ್ದೇಶಿಸಿದ ಆ ಹಿಂದಿ ಚಿತ್ರದ ಕಥೆ ಸ್ವಾತಂತ್ರ್ಯಕ್ಕೆ ಮುಂಚಿನ ತೆಲಂಗಾಣದ ಜಮೀನ್ದಾರರ ದಬ್ಬಾಳಿಕೆಯದು. ಅದರಲ್ಲಿ ಕಾರ್ನಾಡರದು ಹಳ್ಳಿಯ ಶಾಲಾ ಮಾಸ್ತರನ ಪಾತ್ರ. ಹೆಂಡತಿಯನ್ನು ಜಮೀನ್ದಾರನ ಮನೆಯವರು ಬಲವಂತದಿಂದ ಎತ್ತಿಕೊಂಡು ಹೋದಾಗ ಆ ಬಡ ಮಾಸ್ತರ ಒಂದೊಂದೇ ಬಾಗಿಲು ತಟ್ಟುತ್ತಾನೆ, ಯಾವುದೂ ತೆರೆಯುವುದಿಲ್ಲ. ಆ ಚಿತ್ರ ನೋಡಿದ ರಾತ್ರಿ ನಮಗೆ ನಿದ್ದೆ ಹತ್ತಲಿಲ್ಲ. ಮರುವರ್ಷದ 'ಮಂಥನ್' ಚಿತ್ರದಲ್ಲಿ ಅವರು ಹಾಲಿನ ಸಹಕಾರ ಸಂಘ ಕಟ್ಟಲು ಬರುವ ಪಶುವೈದ್ಯ. ಗುಜರಾತಿನ 5 ಲಕ್ಷ ರೈತರು ತಲಾ 2 ರೂಪಾಯಿ ಹಾಕಿ ಆ ಚಿತ್ರಕ್ಕೆ ಹಣ ಒದಗಿಸಿದ್ದರು. ಕೂಚಿಪೂಡಿ ನಾಟ್ಯದ ಕಥೆಯುಳ್ಳ 1983ರ 'ಆನಂದ ಭೈರವಿ'ಯಲ್ಲಿ ನಾಟ್ಯಾಚಾರ್ಯರು ಅವರೇ. ಶಂಕರನಾಗ್ ನಿರ್ದೇಶಿಸಿದ 'ಮಾಲ್ಗುಡಿ ಡೇಸ್' ಧಾರಾವಾಹಿಯಲ್ಲಿ ಸ್ವಾಮಿಯ ಗದರಿಸುವ ತಂದೆಯೂ ಅವರೇ. 2004ರಲ್ಲಿ ನಮ್ಮ ಹುಡುಗ ಹೇಳಿದ 'ಶಂಕರ್ ದಾದಾ' ಬಂತು. ಇವುಗಳ ನಡುವೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ನಿರ್ದೇಶಕರು, ಕೇಂದ್ರ ಸಂಗೀತ ನಾಟಕ ಅಕಾಡೆಮಿಯ ಅಧ್ಯಕ್ಷರು, ಲಂಡನ್ನಿನ ನೆಹರು ಕೇಂದ್ರದ ನಿರ್ದೇಶಕರು, ದೂರದರ್ಶನದಲ್ಲಿ ವಿಜ್ಞಾನ ಕಾರ್ಯಕ್ರಮದ ನಿರೂಪಕರು. ಒಬ್ಬ ಮನುಷ್ಯನ ಆಯುಷ್ಯದಲ್ಲಿ ಇಷ್ಟೆಲ್ಲ ಹಿಡಿಯಿತು!

ಇಂಥವರನ್ನು 'ಬಹುಮುಖ ಪ್ರತಿಭೆ' ಎಂದು ಹೊಗಳುವುದು ವಾಡಿಕೆ. ಆ ಮಾತನ್ನು ನಾವು ಪರೀಕ್ಷೆಯ ಉತ್ತರದಲ್ಲಿ ಬರೆಯುತ್ತೇವೆ, ಅದರ ಅರ್ಥ ಯೋಚಿಸುವುದಿಲ್ಲ. ಹತ್ತು ಬಾವಿ ತೋಡಿ ಹತ್ತನ್ನೂ ಅರ್ಧಕ್ಕೆ ಬಿಟ್ಟವನಿಗೆ ನೀರು ಸಿಗದು. ಕಾರ್ನಾಡರು ಹತ್ತು ಹೊಲದಲ್ಲಿ ದುಡಿದರು, ಆದರೆ ತೋಡಿದ ಬಾವಿ ಒಂದೇ. ಅದು ನಾಟಕ, ಅದರ ನೀರು ಕನ್ನಡ. ಹಿಂದಿಯಲ್ಲಿ, ತೆಲುಗಿನಲ್ಲಿ, ತಮಿಳಿನಲ್ಲಿ ನಟಿಸಿ ಬಂದವರು ತಿರುಗಿ ಕುಳಿತು 'ತಲೆದಂಡ' ಬರೆದರು, 'ಅಗ್ನಿ ಮತ್ತು ಮಳೆ' ಬರೆದರು. ತಮ್ಮ ನಾಟಕಗಳನ್ನು ತಾವೇ ಇಂಗ್ಲಿಷಿಗೂ ತಂದರು. ಜ್ಞಾನಪೀಠ ಬಂದದ್ದು 1998ರಲ್ಲಿ. ಆತ್ಮಕಥೆಗೆ 2011ರಲ್ಲಿ ಅವರು ಇಟ್ಟ ಹೆಸರು 'ಆಡಾಡತ ಆಯುಷ್ಯ'. ಆಕ್ಸ್‌ಫರ್ಡಿನ ಪದವೀಧರರು ಆರಿಸಿಕೊಂಡದ್ದು ಧಾರವಾಡದ ಆಡುಮಾತು! ಎಂಬತ್ತರ ವಯಸ್ಸಿನಲ್ಲಿ, 2018ರಲ್ಲಿ, 'ರಾಕ್ಷಸ ತಂಗಡಿ' ನಾಟಕ ಪ್ರಕಟಿಸಿದರು. 1565ರಲ್ಲಿ ವಿಜಯನಗರ ಸೋತ ಯುದ್ಧದ ಕಥೆ ಅದು. ಆ ರಕ್ಕಸಗಿ, ತಂಗಡಗಿ ಊರುಗಳನ್ನು ತಾಗಿ ಹರಿಯುವ ಕೃಷ್ಣೆಯೇ ಮುಂದೆ ನಮ್ಮ ಮಕ್ತಲ್ ಸೀಮೆಗೆ ಬಂದು ಗದ್ವಾಲದ ಜೂರಾಲ ಅಣೆಕಟ್ಟೆ ಸೇರುತ್ತಾಳೆ. 2019ರ ಜೂನ್ 10ರಂದು ಬೆಂಗಳೂರಿನಲ್ಲಿ ಕಾರ್ನಾಡರು ತೀರಿಕೊಂಡರು.

ಇಷ್ಟು ಪಾಠ ಹೇಳಿದ ಮೇಲೆ ನಮ್ಮ ತಪ್ಪಿನ ಕಥೆಗೆ ಬರುತ್ತೇವೆ.

ನಾವು ಮಕ್ತಲಿನವರು. ಏಳನೆಯ ತರಗತಿಯವರೆಗೆ ಕನ್ನಡ ಮಾಧ್ಯಮದಲ್ಲಿ, ಮುಂದೆ ತೆಲುಗು ಮಾಧ್ಯಮದಲ್ಲಿ ಓದಿದೆವು. 1956ರಲ್ಲಿ ಹೈದರಾಬಾದ್ ರಾಜ್ಯ ಒಡೆದು ರಾಯಚೂರು ಅತ್ತ ಹೋಯಿತು, ನಾರಾಯಣಪೇಟೆ, ಮಕ್ತಲ್, ಗದ್ವಾಲಗಳು ಇತ್ತ ಉಳಿದವು. ಗೆರೆ ಎಳೆದವರು ನಕ್ಷೆಯ ಮೇಲೆ ಎಳೆದರು. ಮನೆಯೊಳಗೆ ಎಳೆಯಲಾಗಲಿಲ್ಲ. ಒಂದೇ ಮನೆಯಲ್ಲಿ ಅಜ್ಜಿಗೆ ಕನ್ನಡ, ಸೊಸೆಗೆ ತೆಲುಗು, ಬಾಗಿಲಿಗೆ ಬಂದವರಿಗೆ ಉರ್ದು. ಹೀಗೆ ಬೆಳೆದ ನಾವು ಅಧ್ಯಾಪಕರ ತರಬೇತಿಗೆ ಹೋದಾಗ ಅಲ್ಲಿ ನಮ್ಮ ಕನ್ನಡ ಕೇಳಿ ಜೊತೆಯವರು ನಕ್ಕರು. "ಇದೆಂಥ ಬೆರಕೆ ಭಾಷೆ?" ಎಂದರು. ಆ ನಗು ಬಹಳ ವರ್ಷ ನಮ್ಮ ಕಿವಿಯಲ್ಲಿ ಉಳಿಯಿತು. ಅಂದಿನಿಂದ ಗ್ರಂಥದ ಕನ್ನಡವನ್ನು ಹಟ ಹಿಡಿದು ಕಲಿತೆವು. ಕಲಿತದ್ದು ಒಳ್ಳೆಯದೇ. ಆದರೆ ಅದರ ಜೊತೆಗೆ ನಮ್ಮ ಆಡುಮಾತಿನ ಬಗೆಗೆ ನಾಚಿಕೆಯನ್ನೂ ಕಲಿತೆವು.

ಪಟದ ಮುಂದೆ ನಿಂತ ಆ ಹುಡುಗ ಕೆಲವು ದಿನಗಳ ಬಳಿಕ ಒಂದು ನೋಟುಪುಸ್ತಕ ತಂದುಕೊಟ್ಟ. ಶಾಲಾ ವಾರ್ಷಿಕೋತ್ಸವಕ್ಕೆಂದು ತಾನೇ ನಾಟಕ ಬರೆದಿದ್ದ. ಅವನ ತಂದೆ ಗದ್ವಾಲದಲ್ಲಿ ಮಗ್ಗ ನೇಯುವವರು. ತಾಯಿಯ ತವರು ನಾರಾಯಣಪೇಟೆ, ಹುಡುಗ ಇಲ್ಲಿ ಅಜ್ಜಿಯ ಮನೆಯಲ್ಲಿದ್ದು ಓದುತ್ತಿದ್ದ. ನಾಟಕದಲ್ಲಿ ಒಬ್ಬ ನೇಕಾರ, ಅವನ ಮುದಿ ತಾಯಿ, ಒಬ್ಬ ಸಾಹುಕಾರ. ತಾಯಿ ಕನ್ನಡದಲ್ಲಿ ಮಾತಾಡುತ್ತಾಳೆ, ಸಾಹುಕಾರ ತೆಲುಗಿನಲ್ಲಿ ಲೆಕ್ಕ ಹೇಳುತ್ತಾನೆ, ನಡುವೆ ನಿಂತ ನೇಕಾರ ಎರಡನ್ನೂ ಆಡುತ್ತಾನೆ. ನಾವು ಏನು ಮಾಡಿದೆವು? ಕೆಂಪು ಶಾಯಿಯ ಪೆನ್ನು ತೆಗೆದು ತೆಲುಗು ಮಾತುಗಳನ್ನೆಲ್ಲ ಹೊಡೆದುಹಾಕಿದೆವು. ಅಜ್ಜಿಯ ಬಾಯಲ್ಲಿದ್ದ 'ಹೋಗ್ಯಾನ', 'ಬರ್ತಾಳ'ಗಳನ್ನು 'ಹೋಗಿದ್ದಾನೆ', 'ಬರುತ್ತಾಳೆ' ಎಂದು ತಿದ್ದಿದೆವು. ಕೊನೆಗೆ "ಶುದ್ಧ ಕನ್ನಡದಲ್ಲಿ ಬರೆದು ತಾ" ಎಂದು ಬರೆದು ಹಿಂದಿರುಗಿಸಿದೆವು. ಹುಡುಗ ಮರಳಿ ತರಲಿಲ್ಲ. ನಾವೂ ಕೇಳಲಿಲ್ಲ. ವಾರ್ಷಿಕೋತ್ಸವದಲ್ಲಿ ಎಂದಿನಂತೆ ಅಚ್ಚಾದ ಪುಸ್ತಕದ ನಾಟಕವೊಂದನ್ನು ಆಡಿಸಿದೆವು.

ಬೇಸಿಗೆ ರಜೆ ಹತ್ತಿರ ಬಂದಾಗ ಅವನ ತಂದೆ ಟಿ.ಸಿ. ಕೇಳಲು ಗದ್ವಾಲದಿಂದ ಬಂದರು. "ಸಾರ್, ತಪ್ಪು ತಿಳಕೋಬ್ಯಾಡ್ರಿ. ಮನಿಯಾಗ ಕನ್ನಡ ಐತಿ. ಆದ್ರ ಬಜಾರದಾಗ ತೆಲುಗು, ಕಾಲೇಜಿನಾಗ ಇಂಗ್ಲಿಷ್. ಕನ್ನಡ ಓದಿ ಇವ ಮುಂದ ಏನ್ ಮಾಡ್ತಾನ್ರೀ? ನನ್ನ ಕೂಡ ಮಗ್ಗದಾಗ ಕೂಡೂದು ಬ್ಯಾಡ್ರಿ ಇವ" ಎಂದರು. ಈ ಪ್ರಶ್ನೆಯನ್ನು ನಾವು ಅನೇಕ ಪಾಲಕರಿಂದ ಕೇಳಿದ್ದೇವೆ. ಭಾಷಣದ ಉತ್ತರ ನಮ್ಮ ಬಳಿ ಸಿದ್ಧವಾಗಿಯೇ ಇರುತ್ತದೆ. ಅಂದು ಅದು ಬಾಯಿಗೆ ಬರಲಿಲ್ಲ. ಕನ್ನಡ ಓದಿದರೆ ಈ ಜಿಲ್ಲೆಯಲ್ಲಿ ನೌಕರಿ ಖಂಡಿತ ಎಂದು ಅವರಿಗೆ ಮಾತು ಕೊಡುವ ಅಧಿಕಾರ ನಮಗಿಲ್ಲ.

ಅವರ ಕೈಯಲ್ಲಿ ಒಂದು ಸೀರೆಯ ಗಂಟು ಇತ್ತು. ಯಾರಿಗೋ ಮುಟ್ಟಿಸಲು ತಂದದ್ದು. ಗದ್ವಾಲದ ಸೀರೆಯನ್ನು ನೀವೆಲ್ಲ ನೋಡಿದ್ದೀರಿ. ಒಡಲು ಹತ್ತಿಯದು, ಅಂಚು ಸೆರಗು ರೇಷ್ಮೆಯವು. ಎರಡು ನೂಲು ಕೂಡುವ ಕಡೆ ಒಂದನ್ನೊಂದು ಹೆಣೆದು ಬಿಚ್ಚಿಹೋಗದಂತೆ ನೇಯುವುದೇ ಅಲ್ಲಿನ ನೇಕಾರರ ಹೆಚ್ಚಳ. ನಾವು ಮಾತಿಗೆಂದು, "ಈ ಕೂಡುವ ಜಾಗ ಬಹಳ ಕಷ್ಟವೇನ್ರೀ?" ಎಂದು ಕೇಳಿದೆವು. "ಅಲ್ಲೇ ಐತ್ರಿ ಸಾರ್ ಕೆಲಸ. ಒಡಲು ಯಾರರೆ ನೇಯ್ತಾರ" ಎಂದರು.

ಆ ಮಾತು ಕೇಳಿ ನಮಗೆ ಕೆಂಪು ಶಾಯಿಯ ನೋಟುಪುಸ್ತಕ ನೆನಪಾಯಿತು. ಹುಡುಗ ಎರಡು ನೂಲು ಕೂಡುವ ಜಾಗದಲ್ಲಿಯೇ ತನ್ನ ನಾಟಕ ಇಟ್ಟಿದ್ದ. ನಾವು ಅಲ್ಲಿಯೇ ಕತ್ತರಿ ಹಾಕಿದ್ದೆವು. ಕೊಂಕಣಿ, ಮರಾಠಿ, ಇಂಗ್ಲಿಷ್, ಹಿಂದಿಗಳ ನಡುವೆ ಬಾಳಿ ಕನ್ನಡಕ್ಕೆ ನಾಟಕ ಕೊಟ್ಟವರ ಪಟ ನಮ್ಮ ತಲೆಯ ಮೇಲೆಯೇ ತೂಗುತ್ತಿತ್ತು. ಅದರ ಕೆಳಗೆ ಕುಳಿತು ನಾವು ಮಾಡಿದ ಕೆಲಸ ಇದು!

ಆ ತಂದೆಗೆ ನಾವು ಹೇಳಿದ್ದು ಇಷ್ಟೇ: "ನಿಮ್ಮ ಮಗ ನಾಟಕ ಬರೆದಿದ್ದಾನೆ. ನಿಮ್ಮ ಮನೆಯ ಕಥೆ ಬರೆದಿದ್ದಾನೆ. ತಿದ್ದುವಾಗ ತಪ್ಪು ನಮ್ಮದಾಯಿತು. ಯಾವ ಮಾಧ್ಯಮದಲ್ಲಿ ಬೇಕಾದರೂ ಓದಿಸಿರಿ, ಕನ್ನಡ ಬರೆಯುವುದನ್ನು ಮಾತ್ರ ನಿಲ್ಲಿಸಬೇಡಿರಿ." ಅವರು ಏನೂ ಹೇಳಲಿಲ್ಲ. ಟಿ.ಸಿ. ತೆಗೆದುಕೊಂಡು ಹೋದರು. ಅವರನ್ನು ನಾವು ದೂರುವುದಿಲ್ಲ. ಕಾರ್ನಾಡರು ಕೂಡ ಜೀವನಕ್ಕೆ ಹತ್ತು ಭಾಷೆಯ ಕೆಲಸ ಮಾಡಿದವರು. ಹೊಟ್ಟೆಯ ಭಾಷೆಯೂ ಮನಸ್ಸಿನ ಭಾಷೆಯೂ ಒಂದೇ ಆಗುವ ಭಾಗ್ಯ ಎಲ್ಲರಿಗೂ ಇರುವುದಿಲ್ಲ.

ಈ ವರ್ಷ ದಸರಾ ರಜೆಯಲ್ಲಿ ಹುಡುಗ ಅಜ್ಜಿಯ ಮನೆಗೆ ಬಂದವನು ನಮ್ಮ ಮನೆಗೂ ಬಂದ. ಹಳೆಯ ನೋಟುಪುಸ್ತಕ ತಂದಿದ್ದ. ನಮ್ಮ ಕೆಂಪು ಗೆರೆಗಳು ಹಾಗೆಯೇ ಇದ್ದವು. ಅವುಗಳ ಮುಂದಿನ ಹಾಳೆಯಲ್ಲಿ ಮೂರನೆಯ ದೃಶ್ಯ ಹೊಸದಾಗಿ ಸೇರಿತ್ತು. ಸಾಹುಕಾರ ತೆಲುಗಿನಲ್ಲಿಯೇ ಲೆಕ್ಕ ಹೇಳುತ್ತಾನೆ, ಮುದುಕಿ ಕನ್ನಡದಲ್ಲಿಯೇ ಅದನ್ನು ತಪ್ಪೆಂದು ತೋರಿಸುತ್ತಾಳೆ. "ಹೆಂಗೈತ್ರಿ ಸಾರ್?" ಎಂದ. ಈ ಸಲ ಪೆನ್ನು ಜೇಬಿನಲ್ಲಿಯೇ ಇಟ್ಟು ಮೊದಲು ಪೂರ್ತಿ ಓದಿದೆವು. ಎರಡು ಕಡೆ ಕಾಗುಣಿತದ ತಪ್ಪಿತ್ತು, ಅವನ್ನು ಪೆನ್ಸಿಲಿನಿಂದ ಗುರುತಿಸಿದೆವು. ಮುದುಕಿಯ ಒಂದು ಮಾತಿಗೆ ಜೋರಾಗಿ ನಕ್ಕೆವು. ಅವನೂ ನಕ್ಕ.

ವಿದ್ಯಾರ್ಥಿಗಳೇ, ನೀವು ಮೂರು ಭಾಷೆಗಳ ನಡುವೆ ಹುಟ್ಟಿದ್ದು ಕೊರತೆಯೆಂದು ಯಾರಾದರೂ ಹೇಳಿದರೆ ನಂಬಬೇಡಿರಿ. ಶುದ್ಧವಾಗಿ ಬರೆಯಲು ಕಲಿಯಿರಿ, ಅದು ನಮ್ಮ ಪಾಠದ ಕೆಲಸ. ಆದರೆ ನಿಮ್ಮ ಅಜ್ಜಿಯ ಮಾತನ್ನು ಬಿಟ್ಟು ಕಲಿಯಬೇಡಿರಿ. ಪಾಲಕರೇ, ಯಯಾತಿಯಂತೆ ಮಕ್ಕಳ ಯೌವನವನ್ನು ನಮ್ಮ ಭಯಕ್ಕಾಗಿ ಬೇಡದಿರೋಣ. ಈ ಮಾತು ಮೊದಲು ಅಧ್ಯಾಪಕರಾದ ನಮಗೇ ಅನ್ವಯಿಸುತ್ತದೆ. ಮಕ್ಕಳು ಯಾವ ದಾರಿಯಲ್ಲಾದರೂ ಹೋಗಲಿ, ತಿರುಗಿ ಬಂದು ಕೂಡಲು ಒಂದು ಭಾಷೆಯ ಕಟ್ಟೆ ಇರಲಿ.

ಪಟ ಈಗಲೂ ಅದೇ ಗೋಡೆಯ ಮೇಲಿದೆ. ಈ ಸಲ ಯಾರಾದರೂ ಏಳನೆಯ ಚಿತ್ರದ ಮೇಲೆ ಬೆರಳಿಟ್ಟು ಕೇಳಿದರೆ ನಗದೆ ಕೂರಿಸಿ ಹೇಳುತ್ತೇವೆ. ಬನ್ನಿ, ಕೇಳಿರಿ.